ಬೆರಳಿನ ಗಾಯಕ್ಕೂ ಒಂದು ನಂಬರು



ಇತ್ತೀಚೆಗೆ ಒಂದು ಸಂಘದ ಸಭೆಗೆ ಹೋಗಿದ್ದೆ. ಉಳಿತಾಯದ ಹಣ ಎಣಿಸಿ ಆಗಿತ್ತು. ಎಲ್ಲರೂ ಪುಸ್ತಕಕ್ಕೆ ಸಹಿ ಹಾಕುವಾಗ ಒಬ್ಬ ಸದಸ್ಯೆ ಎಡಗೈಯಲ್ಲಿ ಪೆನ್ನು ಹಿಡಿದು ಒದ್ದಾಡುತ್ತಿದ್ದರು. ನೋಡಿದರೆ ಬಲಗೈಯ ತೋರುಬೆರಳಿಗೆ ದಪ್ಪ ಬ್ಯಾಂಡೇಜು.

"ಏನಾಯ್ತಮ್ಮಾ?" ಅಂತ ಕೇಳಿದೆ.

"ಏನಿಲ್ಲ ಸಿಸ್ಟರ್, ಈಳಿಗೆಮಣೆಯಲ್ಲಿ ಹಲಸಿನಕಾಯಿ ಹೆಚ್ಚುವಾಗ ಸ್ವಲ್ಪ ತಾಗಿತು. ಮೂರು ಹೊಲಿಗೆ ಹಾಕಿದ್ದಾರೆ" ಅಂದರು. ಆಮೇಲೆ ಮೆಲ್ಲಗೆ ಚೀಲದಿಂದ ಆಸ್ಪತ್ರೆಯ ಚೀಟಿ ತೆಗೆದು ತೋರಿಸಿದರು. ಅದರ ಕೆಳಗೆ ಕಂಪ್ಯೂಟರ್ ಅಕ್ಷರದಲ್ಲಿ ಹೀಗೆ ಇತ್ತು: ಎಸ್ 61.0, ಡಬ್ಲ್ಯೂ 26.

"ಇದೇನು ಸಿಸ್ಟರ್, ಔಷಧಿಯ ಹೆಸರಾ? ಇಲ್ಲಾ ನನಗೆ ಬೇರೆ ಏನಾದರೂ ಕಾಯಿಲೆ ಇದೆ ಅಂತಲಾ? ಯಾರನ್ನು ಕೇಳೋದು ಅಂತ ಗೊತ್ತಾಗದೆ ಎರಡು ದಿನದಿಂದ ನಿದ್ದೆ ಇಲ್ಲ."

ಒಂದು ಸಣ್ಣ ನಂಬರು ಅವರ ಎರಡು ರಾತ್ರಿಯ ನಿದ್ದೆ ಕೆಡಿಸಿತ್ತು. ಅಲ್ಲಿದ್ದ ಹದಿನೈದು ಮಂದಿಯಲ್ಲಿ ಯಾರಿಗೂ ಅದು ಏನೆಂದು ಗೊತ್ತಿರಲಿಲ್ಲ. ಅದಕ್ಕೇ ಈ ಸಲ ಇದರ ಬಗ್ಗೆ ಬರೆಯುತ್ತಿದ್ದೇನೆ.

ಈ ನಂಬರು ಯಾಕೆ?

ನಮ್ಮ ಸಂಘದ ಲೆಕ್ಕದ ಪುಸ್ತಕವನ್ನೇ ನೆನಪಿಸಿಕೊಳ್ಳಿ. ಪ್ರತಿ ಸದಸ್ಯೆಗೂ ಒಂದು ನಂಬರು ಇದೆ. ಒಂದೇ ಹೆಸರಿನ ಮೂವರು ಇದ್ದರೂ ಲೆಕ್ಕ ತಪ್ಪುವುದಿಲ್ಲ. ರೋಗ ಮತ್ತು ಗಾಯಗಳಿಗೂ ಹಾಗೆಯೇ. ಒಬ್ಬ ಡಾಕ್ಟರು "ಕೊಯ್ದ ಗಾಯ" ಅಂತ ಬರೆಯುತ್ತಾರೆ, ಇನ್ನೊಬ್ಬರು "ಹರಿದ ಗಾಯ" ಅನ್ನುತ್ತಾರೆ, ಮತ್ತೊಬ್ಬರು ಇಂಗ್ಲಿಷಿನಲ್ಲಿ ಬೇರೆ ಪದ ಹಾಕುತ್ತಾರೆ. ಪದ ಬೇರೆ ಬೇರೆ ಆದರೂ ನಂಬರು ಒಂದೇ ಇದ್ದರೆ ಎಲ್ಲ ಊರಿನ, ಎಲ್ಲ ದೇಶದ ಲೆಕ್ಕ ಕೂಡಿಸಬಹುದು.

ಈ ಪಟ್ಟಿಗೆ ಐ.ಸಿ.ಡಿ. ಅನ್ನುತ್ತಾರೆ. ಅಂದರೆ ರೋಗಗಳ ಅಂತರರಾಷ್ಟ್ರೀಯ ವರ್ಗೀಕರಣ. 1893ರಲ್ಲಿ ಪ್ಯಾರಿಸ್ಸಿನ ಜಾಕ್ ಬರ್ತಿಯೋನ್ ಎಂಬ ಸಂಖ್ಯಾಶಾಸ್ತ್ರಜ್ಞರು ಸಾವಿನ ಕಾರಣಗಳ ಒಂದು ಪಟ್ಟಿಯನ್ನು ಷಿಕಾಗೊದ ಸಭೆಯಲ್ಲಿ ಮುಂದಿಟ್ಟರು. ಮೊದಲಿಗೆ ಅದು ಸತ್ತವರ ಲೆಕ್ಕಕ್ಕೆ ಮಾತ್ರ ಇತ್ತು. 1948ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಇದರ ಜವಾಬ್ದಾರಿ ತೆಗೆದುಕೊಂಡ ಮೇಲೆ ಬದುಕಿರುವವರ ಕಾಯಿಲೆ, ಗಾಯ ಎಲ್ಲವೂ ಪಟ್ಟಿಗೆ ಸೇರಿದವು. 10ನೆಯ ಆವೃತ್ತಿಗೆ 1990ರಲ್ಲಿ ಒಪ್ಪಿಗೆ ಸಿಕ್ಕಿತು. 11ನೆಯದು 2019ರಲ್ಲಿ ಒಪ್ಪಿಗೆ ಪಡೆದು 2022ರ ಜನವರಿ 1ರಿಂದ ಜಾರಿಗೆ ಬಂದಿದೆ. ಆದರೆ ನಮ್ಮ ಕಡೆಯ ಚೀಟಿಗಳಲ್ಲಿ ಮತ್ತು ವಿಮೆಯ ಫಾರಂಗಳಲ್ಲಿ ಇನ್ನೂ ಸಾಮಾನ್ಯವಾಗಿ ಕಾಣುವುದು 10ನೆಯ ಆವೃತ್ತಿಯ ನಂಬರೇ. ಹಾಗಾಗಿ ಇಲ್ಲಿ ಅದನ್ನೇ ವಿವರಿಸುತ್ತೇನೆ.

ಕೈಯ ಗಾಯಗಳ ಮನೆ

ಐ.ಸಿ.ಡಿ.ಯಲ್ಲಿ ಮೊದಲು ಒಂದು ಇಂಗ್ಲಿಷ್ ಅಕ್ಷರ, ಆಮೇಲೆ ಎರಡು ಅಂಕಿ, ಚುಕ್ಕಿ, ಚುಕ್ಕಿಯ ನಂತರ ಇನ್ನೊಂದು ಅಂಕಿ. ಗಾಯಗಳಿಗೆ ಎಸ್ ಅಕ್ಷರ. ತಲೆಯಿಂದ ಶುರುವಾಗಿ ಪಾದದ ತನಕ ದೇಹದ ಒಂದೊಂದು ಭಾಗಕ್ಕೆ ಒಂದೊಂದು ಸಾಲು. ಮಣಿಕಟ್ಟು ಮತ್ತು ಕೈಗೆ ಸಿಕ್ಕಿರುವುದು ಎಸ್ 60ರಿಂದ ಎಸ್ 69ರ ತನಕ. ಇದನ್ನು ಹತ್ತು ಬಾಗಿಲಿನ ಒಂದು ಮನೆ ಅಂತ ತಿಳಿದುಕೊಳ್ಳಿ.

ಎಸ್ 60 – ಮೇಲ್ಮೈ ಗಾಯ. ತರಚು, ಗುದ್ದಿ ನೀಲಿಗಟ್ಟುವುದು, ಕೆಲಸ ಮಾಡಿ ಬೊಬ್ಬೆ ಏಳುವುದು, ಸಿಬಿರು ಚುಚ್ಚಿಕೊಳ್ಳುವುದು.
ಎಸ್ 61 – ತೆರೆದ ಗಾಯ. ಚರ್ಮ ಕೊಯ್ದು, ಹರಿದು ಅಥವಾ ಆಳವಾಗಿ ಚುಚ್ಚಿ ಆದದ್ದು. ನಾಯಿ, ಬೆಕ್ಕು ಕಚ್ಚಿದ ಗಾಯವೂ ಇಲ್ಲೇ.
ಎಸ್ 62 – ಮೂಳೆ ಮುರಿತ.
ಎಸ್ 63 – ಕೀಲು ತಪ್ಪುವುದು, ಉಳುಕು.
ಎಸ್ 64 – ನರಕ್ಕೆ ಆದ ಪೆಟ್ಟು.
ಎಸ್ 65 – ರಕ್ತನಾಳಕ್ಕೆ ಆದ ಪೆಟ್ಟು.
ಎಸ್ 66 – ಮಾಂಸಖಂಡ ಮತ್ತು ಬೆರಳನ್ನು ಮಡಚುವ, ಬಿಡಿಸುವ ಸ್ನಾಯುರಜ್ಜು ತುಂಡಾಗುವುದು.
ಎಸ್ 67 – ಜಜ್ಜಿಹೋಗುವುದು.
ಎಸ್ 68 – ಬೆರಳು ಅಥವಾ ಕೈ ತುಂಡಾಗುವುದು.
ಎಸ್ 69 – ಇತರ ಗಾಯ, ಇಲ್ಲವೇ ಇಂಥದ್ದೇ ಅಂತ ಹೇಳದ ಗಾಯ.

ಚುಕ್ಕಿಯ ನಂತರದ ಅಂಕಿ ಇನ್ನೂ ಸ್ವಲ್ಪ ವಿವರ ಕೊಡುತ್ತದೆ. ಎಸ್ 61.0 ಅಂದರೆ ಬೆರಳಿಗೆ ತೆರೆದ ಗಾಯ, ಉಗುರಿಗೆ ಏನೂ ಆಗಿಲ್ಲ. ಎಸ್ 61.1 ಅಂದರೆ ಉಗುರಿಗೂ ಪೆಟ್ಟಾಗಿದೆ. ಹಾಗೆಯೇ ಎಸ್ 60.0 ಅಂದರೆ ಬೆರಳು ಗುದ್ದಿ ನೀಲಿಗಟ್ಟಿದೆ, ಉಗುರು ಸರಿ ಇದೆ. ಎಸ್ 60.1 ಅಂದರೆ ಉಗುರಿಗೂ ಹಾನಿಯಾಗಿದೆ.

ಸುಟ್ಟ ಗಾಯಕ್ಕೆ ಈ ಮನೆಯಲ್ಲಿ ಜಾಗ ಇಲ್ಲ. ಮಣಿಕಟ್ಟು ಮತ್ತು ಕೈ ಸುಟ್ಟರೆ ಅದು ಟಿ 23. ಚರ್ಮ ಕೆಂಪಾಗಿದ್ದರೆ ಟಿ 23.1, ಬೊಬ್ಬೆ ಎದ್ದಿದ್ದರೆ ಟಿ 23.2, ಚರ್ಮದ ಪೂರ್ತಿ ಆಳಕ್ಕೆ ಸುಟ್ಟಿದ್ದರೆ ಟಿ 23.3. ಇನ್ನು ಪಾತ್ರೆ ತೊಳೆದು, ಬಟ್ಟೆ ಒಗೆದು ಸದಾ ನೀರಿನಲ್ಲಿ ಕೈ ಇರುವ ನಮ್ಮ ಹೆಂಗಸರಿಗೆ ಬರುವ ಉಗುರುಸುತ್ತು ಇದೆಯಲ್ಲ, ಅದು ಗಾಯವಲ್ಲ, ಸೋಂಕು. ಅದು ಚರ್ಮರೋಗಗಳ ಸಾಲಿನಲ್ಲಿ ಎಲ್ 03.0.

ಹೇಗೆ ಆಯಿತು ಅನ್ನುವುದಕ್ಕೂ ನಂಬರು

ಚೀಟಿಯಲ್ಲಿ ಎರಡನೆಯ ನಂಬರೂ ಇತ್ತು ಅಂದೆನಲ್ಲ, ಡಬ್ಲ್ಯೂ 26. ಗಾಯ ಏನು ಅನ್ನುವುದನ್ನು ಎಸ್ ಹೇಳಿದರೆ, ಅದು ಹೇಗೆ ಆಯಿತು ಅನ್ನುವುದನ್ನು ಈ ಎರಡನೆಯ ನಂಬರು ಹೇಳುತ್ತದೆ. ಚೂರಿ ಮೊದಲಾದ ಹರಿತವಾದ ವಸ್ತು ತಾಗಿದರೆ ಡಬ್ಲ್ಯೂ 26. ಬಾಗಿಲ ಸಂದಿಗೆ ಸಿಕ್ಕಿಕೊಂಡರೆ ಡಬ್ಲ್ಯೂ 23. ಗಾಜು ಕೊಯ್ದರೆ ಡಬ್ಲ್ಯೂ 25. ಕತ್ತರಿ, ಸೂಜಿ, ಕೊಡಲಿಯಂಥ ಕೈ ಉಪಕರಣವಾದರೆ ಡಬ್ಲ್ಯೂ 27. ಕರೆಂಟಿನಲ್ಲಿ ನಡೆಯುವ ಮಿಕ್ಸಿಯಂಥ ಮನೆ ಯಂತ್ರವಾದರೆ ಡಬ್ಲ್ಯೂ 29. ಒಕ್ಕಣೆ ಯಂತ್ರದಂಥ ಕೃಷಿ ಯಂತ್ರಕ್ಕೆ ಡಬ್ಲ್ಯೂ 30. ನಾಯಿ ಕಚ್ಚಿದರೆ ಡಬ್ಲ್ಯೂ 54. ಕಾದ ಎಣ್ಣೆ, ಬಿಸಿ ಸಾರು ಚೆಲ್ಲಿದರೆ ಎಕ್ಸ್ 10. ಬಿಸಿ ಒಲೆ, ಕಾದ ಪಾತ್ರೆ ತಾಗಿದರೆ ಎಕ್ಸ್ 15.

ಟೈಲರಿಂಗ್ ಮಾಡುವ ಸದಸ್ಯೆಯರು ಒಂದು ವಿಷಯ ಗಮನಿಸಿ. ಕಾಲಲ್ಲಿ ತುಳಿಯುವ ಹೊಲಿಗೆ ಯಂತ್ರದ ಸೂಜಿ ಬೆರಳಿಗೆ ಇಳಿದರೆ ಡಬ್ಲ್ಯೂ 27. ಅದೇ ಯಂತ್ರ ಕರೆಂಟಿನದ್ದಾದರೆ ಡಬ್ಲ್ಯೂ 29. ಅಷ್ಟು ಸೂಕ್ಷ್ಮ! ಇದರ ಮುಂದೆ ಜಾಗಕ್ಕೂ ಒಂದು ಅಂಕಿ ಸೇರಿಸಬಹುದು. ಮನೆಯಾದರೆ 0, ಕಾರ್ಖಾನೆ ಅಥವಾ ಕಟ್ಟಡ ಕಟ್ಟುವ ಜಾಗವಾದರೆ 6, ಹೊಲ-ತೋಟವಾದರೆ 7.

ಇಷ್ಟೆಲ್ಲಾ ಯಾಕೆ ಅಂತ ಕೇಳಬಹುದು. ಒಂದು ತಾಲ್ಲೂಕಿನಲ್ಲಿ ಒಕ್ಕಣೆ ಯಂತ್ರಕ್ಕೆ ಎಷ್ಟು ಕೈ ಸಿಕ್ಕಿವೆ, ಎಷ್ಟು ಮಕ್ಕಳ ಕೈ ಬಿಸಿ ಸಾರಿನಿಂದ ಸುಟ್ಟಿದೆ ಅನ್ನುವುದು ಲೆಕ್ಕಕ್ಕೆ ಬಂದರೆ ಮಾತ್ರ ಯಾರಾದರೂ ಅದರ ಬಗ್ಗೆ ಯೋಚಿಸುತ್ತಾರೆ. ಲೆಕ್ಕಕ್ಕೆ ಬಾರದ ನೋವು ಸರ್ಕಾರಕ್ಕೆ ಕಾಣುವುದಿಲ್ಲ.

"ಏನಿಲ್ಲ" ಅನ್ನುವ ಮಾತು

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ನಂಬರು ಆಕಾಶದಿಂದ ಬರುವುದಿಲ್ಲ. ನಾವು ಹೇಳುವುದು ಮತ್ತು ಡಾಕ್ಟರು ಪರೀಕ್ಷೆ ಮಾಡಿ ಬರೆಯುವುದು, ಇವೆರಡರಿಂದಲೇ ಅದು ಹುಟ್ಟುತ್ತದೆ. ನಾವು ಅರ್ಧ ಹೇಳಿದರೆ ನಂಬರೂ ಅರ್ಧ.

ಕೆಲವು ವರ್ಷಗಳ ಹಿಂದೆ ನನಗೆ ಪರಿಚಯದ ಒಬ್ಬ ಸದಸ್ಯೆಗೆ ಹುಲ್ಲು ಕೊಯ್ಯುವಾಗ ಕುಡುಗೋಲು ಕಿರುಬೆರಳಿನ ಬುಡಕ್ಕೆ ತಾಗಿತು. ಗಾಯ ಅರ್ಧ ಇಂಚು. ಹತ್ತಿರದ ಒಂದು ಆಸ್ಪತ್ರೆಯಲ್ಲಿ ತೊಳೆದು, ಹೊಲಿಗೆ ಹಾಕಿ ಕಳಿಸಿದರು. ತೆರೆದ ಗಾಯ ಅಂತ ಬರೆದರು, ಅಷ್ಟೇ. "ಬೆರಳು ಮಡಚಿ ನೋಡಮ್ಮ" ಅಂತ ಯಾರೂ ಹೇಳಲಿಲ್ಲ. ಬೆರಳು ಮಡಚಲು ಆಗುತ್ತಿಲ್ಲ ಅಂತ ಇವರೂ ಹೇಳಲಿಲ್ಲ. ನೋವಿಗೆ ಹಾಗಾಗಿದೆ, ಸರಿಹೋಗುತ್ತದೆ ಅಂದುಕೊಂಡರು. ಮನೆಯಲ್ಲಿ ಹಾಲು ಕರೆಯಬೇಕು, ಡೈರಿಗೆ ಹೋಗಬೇಕು, ಮಕ್ಕಳ ಪರೀಕ್ಷೆ ಬೇರೆ.

ಗಾಯ ಮಾಯಿತು. ಬೆರಳು ಮಡಚಲಿಲ್ಲ. ಮೂರು ತಿಂಗಳ ನಂತರ ದೊಡ್ಡ ಆಸ್ಪತ್ರೆಗೆ ಹೋದಾಗ ಡಾಕ್ಟರು ಹೇಳಿದರು: "ಒಳಗೆ ಸ್ನಾಯುರಜ್ಜು ತುಂಡಾಗಿದೆ. ಮೊದಲ ವಾರದಲ್ಲೇ ಬಂದಿದ್ದರೆ ಜೋಡಿಸುವುದು ಸುಲಭ ಇತ್ತು." ಅವರ ಗಾಯ ಬರೀ ಎಸ್ 61 ಅಲ್ಲ, ಎಸ್ 66 ಕೂಡ ಆಗಿತ್ತು. ಇಂದಿಗೂ ಆ ಬೆರಳು ನೇರವಾಗಿಯೇ ಇದೆ. ಹಾಲು ಕರೆಯುವಾಗ ಅಡ್ಡ ಬರುತ್ತದೆ ಅನ್ನುತ್ತಾರೆ.

ಚರ್ಮದ ಮೇಲೆ ಸಣ್ಣದಾಗಿ ಕಾಣುವ ಗಾಯ ಒಳಗೂ ಸಣ್ಣದೇ ಅಂತ ಹೇಳಲು ಬರುವುದಿಲ್ಲ. ಆದ್ದರಿಂದ ಕೈಗೆ ಗಾಯವಾದಾಗ ಈ ಪ್ರಶ್ನೆಗಳನ್ನು ನಿಮಗೆ ನೀವೇ ಕೇಳಿಕೊಳ್ಳಿ, ಉತ್ತರವನ್ನು ಡಾಕ್ಟರಿಗೆ ಹೇಳಿ:

1. ಪ್ರತಿಯೊಂದು ಬೆರಳಿನ ಪ್ರತಿಯೊಂದು ಗೆಣ್ಣನ್ನೂ ಮಡಚಲು, ಬಿಡಿಸಲು ಆಗುತ್ತದೆಯೇ? ಆಗದಿದ್ದರೆ ಸ್ನಾಯುರಜ್ಜು ತುಂಡಾಗಿರಬಹುದು.
2. ಬೆರಳ ತುದಿಯ ಎರಡೂ ಬದಿ ಮುಟ್ಟಿದರೆ ಗೊತ್ತಾಗುತ್ತದೆಯೇ? ಜೋಮು ಹಿಡಿದ ಹಾಗಿದ್ದರೆ ನರಕ್ಕೆ ಪೆಟ್ಟಾಗಿರಬಹುದು.
3. ಹತ್ತು ನಿಮಿಷ ಒತ್ತಿ ಹಿಡಿದರೂ ರಕ್ತ ನಿಲ್ಲುತ್ತಿಲ್ಲವೇ? ಬೆರಳ ತುದಿ ಬಿಳಿಚಿಕೊಂಡಿದೆಯೇ?
4. ಬೆರಳು ಸೊಟ್ಟಗಾಗಿದೆಯೇ, ವಿಪರೀತ ಊದಿದೆಯೇ? ಮೂಳೆ ಮುರಿದಿರಬಹುದು, ಎಕ್ಸ್‌ರೇ ಬೇಕಾಗಬಹುದು.
5. ಗಾಜು, ಮುಳ್ಳು, ಸೂಜಿಯ ತುಂಡು ಒಳಗೆ ಉಳಿದಿರಬಹುದೇ?

ಬಾಗಿಲಿಗೆ ಸಿಕ್ಕಿದ ಬೆರಳು

ಬರೆಯಲು ಕಷ್ಟವಾದ ಒಂದು ಮಾತು ಇದೆ. ಆದರೂ ಬರೆಯಲೇಬೇಕು. ಕೈಗೆ ಪೆಟ್ಟಾಗಿ ಬಂದ ಹೆಂಗಸರಲ್ಲಿ ಕೆಲವರು "ಬಾಗಿಲಿಗೆ ಸಿಕ್ಕಿತು", "ಜಾರಿ ಬಿದ್ದೆ" ಅನ್ನುತ್ತಾರೆ. ಹೇಳುವಾಗ ಕಣ್ಣು ನೆಲ ನೋಡುತ್ತಿರುತ್ತದೆ. ಹೊಡೆತ ತಪ್ಪಿಸಿಕೊಳ್ಳಲು ಕೈ ಅಡ್ಡ ಹಿಡಿದಾಗ ಮುರಿದ ಬೆರಳುಗಳನ್ನು ನಾನು ನೋಡಿದ್ದೇನೆ.

ಬಾಗಿಲು ಅಂತ ಹೇಳಿದರೆ ಡಬ್ಲ್ಯೂ 23 ಆಗುತ್ತದೆ. ಅಂದರೆ ಅಪಘಾತ. ಇನ್ನೊಬ್ಬರು ಹೊಡೆದದ್ದು ಅಂತ ಹೇಳಿದರೆ ನಂಬರೇ ಬೇರೆ. ಕೈಯಿಂದ ಹೊಡೆದರೆ ವೈ 04, ಹರಿತವಾದ ವಸ್ತುವಿನಿಂದಾದರೆ ಎಕ್ಸ್ 99. ಮುಂದೆ ಎಂದಾದರೂ ನೀವು ನ್ಯಾಯ ಕೇಳಬೇಕಾಗಿ ಬಂದರೆ ಆ ದಿನದ ಚೀಟಿ ನಿಮ್ಮ ಪರವಾಗಿ ಮಾತಾಡಬೇಕು. ಅಪಘಾತ ಅಂತ ಬರೆದ ಚೀಟಿ ನಿಮ್ಮ ವಿರುದ್ಧವೇ ಮಾತಾಡೀತು.

2005ರ ಕೌಟುಂಬಿಕ ಹಿಂಸೆಯಿಂದ ಮಹಿಳೆಯರ ರಕ್ಷಣೆ ಕಾಯ್ದೆಯ ಪ್ರಕಾರ, ನೊಂದ ಮಹಿಳೆ ಕೇಳಿದಾಗ ಆಸ್ಪತ್ರೆ ಚಿಕಿತ್ಸೆ ಕೊಡಲೇಬೇಕು. ಇಂಥ ಗಾಯವನ್ನು ಆಸ್ಪತ್ರೆಯವರು ಎಂ.ಎಲ್.ಸಿ. ಅಂತ ದಾಖಲಿಸಿ ಪೊಲೀಸರಿಗೆ ತಿಳಿಸಬಹುದು. ಅದಕ್ಕೆ ಹೆದರಿ ಚಿಕಿತ್ಸೆಯನ್ನು ಮಾತ್ರ ತಪ್ಪಿಸಬೇಡಿ. ಗಂಡನೋ ಅತ್ತೆಯೋ ಜೊತೆಯಲ್ಲಿದ್ದು ಮಾತಾಡಲು ಆಗದಿದ್ದರೆ, "ನರ್ಸ್ ಹತ್ತಿರ ಒಬ್ಬಳೇ ಮಾತಾಡಬೇಕು" ಅಂತ ಕೇಳಿ. ಮಹಿಳಾ ಸಹಾಯವಾಣಿಯ ನಂಬರು 181. ಐ.ಸಿ.ಡಿ. ನಂಬರು ಮರೆತರೂ ಪರವಾಗಿಲ್ಲ, ಈ ನಂಬರು ನೆನಪಿಡಿ. ಸಂಘದ ಸದಸ್ಯೆಯರಿಗೆ ಒಂದು ಕೋರಿಕೆ: ಯಾರಾದರೂ ಮತ್ತೆ ಮತ್ತೆ "ಬಾಗಿಲಿಗೆ ಸಿಕ್ಕಿಕೊಂಡರೆ", ಎಲ್ಲರ ಎದುರು ಕೇಳಬೇಡಿ. ಮನೆಗೆ ಹೋಗುವ ದಾರಿಯಲ್ಲಿ ಒಬ್ಬರೇ ಜೊತೆ ಹೋಗಿ ಕೇಳಿ.

ಹಣದ ವಿಷಯ

"ನಂಬರು ಇದ್ದರೆ ಇನ್ಶೂರೆನ್ಸ್ ಬರುತ್ತಾ ಸಿಸ್ಟರ್?" ಅಂತ ಕೇಳುತ್ತೀರಿ. ನಂಬರು ಇದ್ದ ಮಾತ್ರಕ್ಕೆ ಹಣ ಬರುವುದಿಲ್ಲ. ಆದರೆ ನಂಬರು ತಪ್ಪಿದ್ದರೆ ಬರಬೇಕಾದ ಹಣವೂ ತಡವಾಗಬಹುದು. ಆರೋಗ್ಯ ವಿಮೆಯ ಕ್ಲೈಮ್ ಫಾರಂನಲ್ಲಿ ಆಸ್ಪತ್ರೆಯವರು ತುಂಬಬೇಕಾದ ಭಾಗ ಒಂದಿದೆ. ಅಲ್ಲಿ ಐ.ಸಿ.ಡಿ. 10 ನಂಬರಿಗೆ ಜಾಗ ಇದೆ. ಗಾಯವಾಗಿದ್ದರೆ ಕಾರಣವನ್ನೂ ಕೇಳಿರುತ್ತಾರೆ. ಬಿಲ್ಲಿನಲ್ಲಿ ಒಂದು, ಚೀಟಿಯಲ್ಲಿ ಇನ್ನೊಂದು ಇದ್ದರೆ ಪ್ರಶ್ನೆ ಬರುತ್ತದೆ.

ನಮ್ಮಲ್ಲಿ ಬಹಳ ಮಂದಿ ಬ್ಯಾಂಕಿನಲ್ಲಿ ಪ್ರಧಾನ ಮಂತ್ರಿ ಸುರಕ್ಷಾ ಬಿಮಾ ಯೋಜನೆ ಮಾಡಿಸಿದ್ದೀರಿ. ವರ್ಷಕ್ಕೆ ಮೊದಲು 12 ರೂಪಾಯಿ ಇತ್ತು, 2022ರ ಜೂನ್‌ನಿಂದ 20 ರೂಪಾಯಿ. ಅಪಘಾತದಲ್ಲಿ ಒಂದು ಕೈ ಶಾಶ್ವತವಾಗಿ ಉಪಯೋಗಕ್ಕೆ ಬಾರದೆ ಹೋದರೆ ಇದರಲ್ಲಿ 1 ಲಕ್ಷ ರೂಪಾಯಿ ಇದೆ. ಬೆರಳು ಕೊಯ್ದದ್ದಕ್ಕೆ, ಆಸ್ಪತ್ರೆ ಖರ್ಚಿಗೆ ಇದರಲ್ಲಿ ಹಣ ಇಲ್ಲ. ಸುಮ್ಮನೆ ಬ್ಯಾಂಕಿಗೆ ಅಲೆಯಬೇಡಿ.

ಕೂಲಿ ಕೆಲಸದಲ್ಲಿ, ಕಾರ್ಖಾನೆಯಲ್ಲಿ ಗಾಯವಾದರೆ ಕಥೆ ಬೇರೆ. 1923ರ ನೌಕರರ ಪರಿಹಾರ ಕಾಯ್ದೆಯ ಪಟ್ಟಿಯಲ್ಲಿ ದುಡಿಯುವ ಶಕ್ತಿಯ ನಷ್ಟವನ್ನು ಬೆರಳಿಗೊಂದರಂತೆ ಲೆಕ್ಕ ಹಾಕಿದ್ದರು: ಹೆಬ್ಬೆರಳು ಹೋದರೆ ನೂರಕ್ಕೆ 30, ತೋರುಬೆರಳು ಪೂರ್ತಿ ಹೋದರೆ 14, ಮಧ್ಯದ ಬೆರಳಿಗೆ 12, ಉಂಗುರ ಬೆರಳು ಅಥವಾ ಕಿರುಬೆರಳಿಗೆ 7. 2025ರ ನವೆಂಬರ್‌ನಿಂದ ಆ ಕಾಯ್ದೆಯ ಜಾಗಕ್ಕೆ ಸಾಮಾಜಿಕ ಭದ್ರತಾ ಸಂಹಿತೆ ಬಂದಿದೆ. ಯಾವ ಕಾನೂನಾದರೂ ಕೇಳುವ ಪ್ರಶ್ನೆ ಒಂದೇ: ಯಾವ ಬೆರಳು, ಎಷ್ಟು ಹೋಗಿದೆ?

ಇಲ್ಲೇ ನಮ್ಮ ನಂಬರಿನ ಕೊರತೆ ಇರುವುದು. ಹೆಬ್ಬೆರಳು ತುಂಡಾದರೆ ಎಸ್ 68.0. ಉಳಿದ ಯಾವ ಒಂದು ಬೆರಳು ತುಂಡಾದರೂ ಎಸ್ 68.1. ತೋರುಬೆರಳಿಗೂ ಅದೇ, ಕಿರುಬೆರಳಿಗೂ ಅದೇ. ಬಲಗೈಯೋ ಎಡಗೈಯೋ ಅನ್ನುವುದೂ ಇಲ್ಲ. ಹಾಗಾಗಿ ನಂಬರನ್ನೇ ನಂಬಿ ಕೂರಬೇಡಿ. ಯಾವ ಕೈ, ಯಾವ ಬೆರಳು, ಯಾವ ಗೆಣ್ಣಿನ ತನಕ ಅನ್ನುವುದನ್ನು ಚೀಟಿಯಲ್ಲಿ ಮಾತಿನಲ್ಲೇ ಬರೆಸಿಕೊಳ್ಳಿ. ಗಾಯವಾದ ದಿನ, ಹೊತ್ತು, ಜಾಗ ಎಲ್ಲವೂ ಇರಲಿ.

ಇನ್ನೊಂದು ಎಚ್ಚರಿಕೆ. "ಸ್ವಲ್ಪ ದೊಡ್ಡದಾಗಿ ಬರೆದುಕೊಡಿ ಡಾಕ್ಟ್ರೇ" ಅಂತ ಕೇಳಬೇಡಿ. ಇಲ್ಲದ ಗಾಯಕ್ಕೆ ನಂಬರು ಹಾಕಿಸುವುದು ಮೋಸ. ಸಿಕ್ಕಿಬಿದ್ದರೆ ನಿಜವಾದ ಗಾಯ ಆದವರನ್ನೂ ಆಮೇಲೆ ಯಾರೂ ನಂಬುವುದಿಲ್ಲ.

ಚೀಟಿ ತಪ್ಪಾಗಿದ್ದರೆ

ಆಸ್ಪತ್ರೆ ಬಿಡುವ ಮೊದಲೇ ಚೀಟಿ ಓದಿ, ಇಲ್ಲವೇ ಓದಿಸಿಕೊಳ್ಳಿ. ಹೆಸರು, ವಯಸ್ಸು, ಕೈ, ಬೆರಳು, ಕಾರಣ ಸರಿ ಇದೆಯೇ ನೋಡಿ. ತಪ್ಪಿದ್ದರೆ "ಸರ್, ಇದು ಎಡಗೈ ಅಂತ ಇದೆ, ನನಗೆ ಆಗಿದ್ದು ಬಲಗೈಗೆ" ಅಂತ ಧೈರ್ಯವಾಗಿ ಹೇಳಿ. ನೀವೇ ಪೆನ್ನಿನಿಂದ ತಿದ್ದಬೇಡಿ, ಡಾಕ್ಟರೇ ತಿದ್ದಿ ಸಹಿ ಹಾಕಬೇಕು. ಮನೆಗೆ ಬಂದ ಮೇಲೆ ದಾಖಲೆಯ ಪ್ರತಿ ಬೇಕಾದರೆ ಅರ್ಜಿ ಕೊಡಿ. 2002ರ ವೈದ್ಯಕೀಯ ಪರಿಷತ್ತಿನ ನಿಯಮದಂತೆ ರೋಗಿ ಕೇಳಿದರೆ 72 ಗಂಟೆಯೊಳಗೆ ದಾಖಲೆ ಕೊಡಬೇಕು. ಅರ್ಜಿಯ ಒಂದು ಪ್ರತಿಗೆ ಸೀಲು ಹಾಕಿಸಿ ಇಟ್ಟುಕೊಳ್ಳಿ. ಎಲ್ಲ ಆಸ್ಪತ್ರೆಯ ಚೀಟಿಯಲ್ಲೂ ನಂಬರು ಇರುವುದಿಲ್ಲ. ಇಲ್ಲದಿದ್ದರೆ ಗಾಬರಿ ಬೇಡ, ವಿವರ ಇದ್ದರೆ ಸಾಕು.

ಆಸ್ಪತ್ರೆಗೆ ಹೋಗುವ ಮೊದಲು

ಗಾಯವನ್ನು ಶುದ್ಧ ನೀರಿನಲ್ಲಿ ತೊಳೆಯಿರಿ. ಒಗೆದ ಬಟ್ಟೆಯಿಂದ ಒತ್ತಿ ಹಿಡಿದು ಕೈ ಮೇಲೆತ್ತಿ. ಊದುವ ಮೊದಲೇ ಉಂಗುರ, ಬಳೆ ತೆಗೆಯಿರಿ. ಕಾಫಿ ಪುಡಿ, ಅರಿಶಿನ, ಸೀಮೆಎಣ್ಣೆ, ಬೂದಿ ಯಾವುದೂ ಬೇಡ. ಒಳಗೆ ಏನಾಗಿದೆ ಅಂತ ಡಾಕ್ಟರಿಗೆ ಕಾಣುವುದೇ ಇಲ್ಲ. ಸುಟ್ಟಿದ್ದರೆ 20 ನಿಮಿಷ ಹರಿಯುವ ತಣ್ಣೀರು ಬಿಡಿ, ಐಸ್ ಬೇಡ, ಪೇಸ್ಟ್ ಬೇಡ. ನಾಯಿ ಕಚ್ಚಿದರೆ, ಬರೀ ಪರಚಿದ್ದರೂ ಸರಿ, 15 ನಿಮಿಷ ಸೋಪು ನೀರಿನಲ್ಲಿ ತೊಳೆದು ಅದೇ ದಿನ ರೇಬೀಸ್ ಲಸಿಕೆಗೆ ಹೋಗಿ. ಬೆರಳು ತುಂಡಾಗಿದ್ದರೆ ತುಂಡನ್ನು ಒದ್ದೆ ಮಾಡಿದ ಶುಭ್ರ ಬಟ್ಟೆಯಲ್ಲಿ ಸುತ್ತಿ ಪ್ಲಾಸ್ಟಿಕ್ ಚೀಲದಲ್ಲಿ ಹಾಕಿ, ಆ ಚೀಲವನ್ನು ಐಸ್ ಮೇಲೆ ಇಡಿ. ನೇರವಾಗಿ ಐಸ್‌ನೊಳಗೆ ಹಾಕಬೇಡಿ. ಧನುರ್ವಾಯುವಿನ ಇಂಜೆಕ್ಷನ್ ಕೊನೆಯ ಸಲ ಯಾವಾಗ ತೆಗೆದುಕೊಂಡಿರಿ ಅಂತ ಹೇಳಿ. ನಾವು ಟಿ.ಟಿ. ಅನ್ನುತ್ತಿದ್ದೆವು, ಈಗ ಸರ್ಕಾರಿ ಲಸಿಕೆ ಕಾರ್ಯಕ್ರಮದಲ್ಲಿ ಅದರ ಬದಲು ಟಿ.ಡಿ. ಕೊಡುತ್ತಾರೆ.

ಓದಿದ ಹೆಣ್ಣುಮಕ್ಕಳಿಗೆ ಒಂದು ಮಾತು

ಈ ನಂಬರು ಹಾಕುವುದೇ ಒಂದು ಉದ್ಯೋಗ. ಬೆಂಗಳೂರಿನಲ್ಲಿ ಅಮೆರಿಕದ ಆಸ್ಪತ್ರೆಗಳ ದಾಖಲೆ ಓದಿ ನಂಬರು ಹಾಕುವ ಕಂಪನಿಗಳಿವೆ. ಅಮೆರಿಕದವರು ಇದೇ ಪಟ್ಟಿಯನ್ನು ಇನ್ನೂ ಬೆಳೆಸಿದ್ದಾರೆ. ಬಲಗೈ ತೋರುಬೆರಳು ಕೊಯ್ದು, ಒಳಗೆ ಏನೂ ಉಳಿಯದೆ, ಉಗುರು ಸರಿ ಇದ್ದು, ಮೊದಲ ಹಂತದ ಚಿಕಿತ್ಸೆಯಾದರೆ ಎಸ್ 61.210ಎ. ಎಡಗೈ ಆದರೆ ಎಸ್ 61.211ಎ. ಜೀವಶಾಸ್ತ್ರ ಅಥವಾ ನರ್ಸಿಂಗ್ ಓದಿ ಇಂಗ್ಲಿಷ್ ಚೆನ್ನಾಗಿ ಓದಬಲ್ಲ ಮಕ್ಕಳು ಇದನ್ನು ಕಲಿಯಬಹುದು. ಆದರೆ "ಕೆಲಸ ಗ್ಯಾರಂಟಿ" ಅನ್ನುವ ಜಾಹೀರಾತು ನೋಡಿ ಸಂಘದಿಂದ ಸಾಲ ತೆಗೆದು ಫೀಸು ಕಟ್ಟಬೇಡಿ. ಮೊದಲು ಅಲ್ಲಿ ಕಲಿತ ಇಬ್ಬರನ್ನಾದರೂ ವಿಚಾರಿಸಿ.

ಆ ದಿನ ಸಭೆಯಲ್ಲಿ ಇಷ್ಟೆಲ್ಲಾ ಹೇಳಲು ಸಮಯ ಇರಲಿಲ್ಲ. "ಬೆರಳಿಗೆ ತೆರೆದ ಗಾಯ, ಉಗುರು ಸರಿ ಇದೆ, ಹರಿತವಾದ ವಸ್ತು ತಾಗಿದೆ. ಇಷ್ಟೇ ಅಮ್ಮಾ ಅದರ ಅರ್ಥ" ಅಂದೆ. "ಅಷ್ಟೇನಾ ಸಿಸ್ಟರ್!" ಅಂತ ನಕ್ಕರು. ಆಮೇಲೆ ನಾನೇ ಅವರ ಬೆರಳು ಮಡಚಿಸಿ ನೋಡಿದೆ. ಮಡಚಿತು. ತುದಿ ಮುಟ್ಟಿದರೆ ಗೊತ್ತಾಯಿತು. ಆಮೇಲೆ ನನಗೂ ನಿರಾಳವಾಯಿತು.

ಮುಂದಿನ ಸಭೆಯಲ್ಲಿ ಚರ್ಚಿಸಿ:
1. ಕಳೆದ ಒಂದು ವರ್ಷದಲ್ಲಿ ನಮ್ಮ ಸಂಘದಲ್ಲಿ ಎಷ್ಟು ಜನರಿಗೆ ಕೈಗೆ ಗಾಯವಾಗಿದೆ? ಯಾವುದರಿಂದ?
2. ಅವರಲ್ಲಿ ಎಷ್ಟು ಜನ ಚೀಟಿಯನ್ನು ಜೋಪಾನವಾಗಿ ಇಟ್ಟಿದ್ದಾರೆ?
3. ಯಾರಿಗಾದರೂ ಬೆರಳು ಇನ್ನೂ ಮಡಚಲು ಆಗುತ್ತಿಲ್ಲವೇ? ಅವರನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗುವವರು ಯಾರು?